ಐದು ಲಕ್ಷ ಬೇಡ ಅಂದಿದ್ದು ಸರಿ

1/9

ಫೋಟೋದಲ್ಲಿರೋದು ಬಸ್ ಸ್ಟ್ಯಾಂಡ್ ಹತ್ತಿರದ ಒಂದು ಫ್ಲೆಕ್ಸ್. ಎಣಿಸಿ ನೋಡಿ, ಹನ್ನೊಂದು ಮುಖ ಇದೆ. ಒಂದೂ ಆಟಗಾರರದ್ದಲ್ಲ.

ಈಗ ವಿಷಯಕ್ಕೆ ಬರ್ತೀನಿ. 2025ರ ಜನವರಿ 19, ದೆಹಲಿಯ ಇಂದಿರಾ ಗಾಂಧಿ ಒಳಾಂಗಣ ಕ್ರೀಡಾಂಗಣ. ಮೊಟ್ಟಮೊದಲ ಖೋಖೋ ವಿಶ್ವಕಪ್ ಫೈನಲ್. ನಮ್ಮ ಹುಡುಗಿಯರು ನೇಪಾಳವನ್ನ 78-40ರಿಂದ ಸೋಲಿಸಿದರು. ಹುಡುಗರು ಅದೇ ದಿನ ಅದೇ ನೇಪಾಳವನ್ನ 54-36ರಿಂದ. ಹುಡುಗಿಯರ ಫೈನಲ್‌ನ ಅತ್ಯುತ್ತಮ ಆಟಗಾರ್ತಿ ಯಾರು ಗೊತ್ತಾ? ಚೈತ್ರಾ ಬಿ. ಊರು ಕುರುಬೂರು, ತಿ.ನರಸೀಪುರ ತಾಲೂಕು, ಮೈಸೂರು ಜಿಲ್ಲೆ.

ಹೌದು, ನಮ್ಮ ಪಕ್ಕದೂರು.

ಗೆದ್ದು ಬಂದ ಕೆಲವೇ ದಿನಗಳಲ್ಲಿ ರಾಜ್ಯ ಸರ್ಕಾರ ಚೈತ್ರಾ ಅವರಿಗೂ, ಹುಡುಗರ ತಂಡದಲ್ಲಿದ್ದ ಕರ್ನಾಟಕದ ಎಂ.ಕೆ. ಗೌತಮ್ ಅವರಿಗೂ ತಲಾ 5 ಲಕ್ಷ ರೂಪಾಯಿ ಘೋಷಿಸಿತು. ಇಬ್ಬರೂ "ಬೇಡ" ಅಂದರು. ಮಹಾರಾಷ್ಟ್ರ ಸರ್ಕಾರ ಇದೇ ಕಪ್ ಗೆದ್ದ ತನ್ನ ಆಟಗಾರರಿಗೆ ತಲಾ 2.25 ಕೋಟಿ ಮತ್ತು ಸರ್ಕಾರಿ ನೌಕರಿ ಕೊಡುತ್ತೆ, ನಮಗ್ಯಾಕೆ ಹೀಗೆ ಅಂತ ಕೇಳಿದರು.

ಆಮೇಲೆ ಶುರುವಾಯ್ತು ನೋಡಿ ಕಾಮೆಂಟ್ ಸುರಿಮಳೆ. "ಅಹಂಕಾರ." "ಕೊಟ್ಟಿದ್ದನ್ನ ತಗೊಳ್ಳೋಕೆ ಏನು ರೋಗ?" "ದೇಶಕ್ಕಾಗಿ ಆಡಿದ್ರಾ, ದುಡ್ಡಿಗಾಗಿ ಆಡಿದ್ರಾ?" "ಖೋಖೋ ತಾನೇ, ಇಷ್ಟೇ ಜಾಸ್ತಿ ಆಯ್ತು."

ಈ ಒಂಬತ್ತು ಪೋಸ್ಟ್ ಆ ಕಾಮೆಂಟ್‌ಗಳಿಗೆ ಉತ್ತರ. ನನ್ನ ವಾದ ಮೊದಲೇ ಹೇಳಿಬಿಡ್ತೀನಿ: ಬೇಡ ಅಂದಿದ್ದು ಸರಿ. ಮೊತ್ತ ಚಿಕ್ಕದು ಅನ್ನೋದು ನನ್ನ ಮುಖ್ಯ ತಕರಾರಲ್ಲ. ಯಾವ ನಿಯಮದ ಮೇಲೆ ಕೊಟ್ಟಿದ್ದು ಅನ್ನೋದಕ್ಕೆ ಯಾರ ಹತ್ರನೂ ಉತ್ತರ ಇಲ್ಲ, ಅದು ನನ್ನ ತಕರಾರು. ಒಪ್ಪದಿದ್ರೂ ಪರವಾಗಿಲ್ಲ, ಪೂರ್ತಿ ಓದಿ ಬೈಯಿರಿ.

2/9

ಬೈಯೋದಕ್ಕೆ ಮುಂಚೆ, ಅವರು ಮಾಡಿದ ಕೆಲಸ ಏನು ಅಂತ ತಿಳ್ಕೊಳ್ಳೋಣ.

ಫೋಟೋದಲ್ಲಿರೋದು ಸುಣ್ಣದ ಗೆರೆ, ಎರಡು ಕಂಬ, ಮಣ್ಣು. ನೀವೂ ಸ್ಕೂಲಲ್ಲಿ ಆಡಿರ್ತೀರ. ಎಂಟು ಜನ ಸಾಲಾಗಿ ಒಬ್ಬರು ಆ ಕಡೆ, ಒಬ್ಬರು ಈ ಕಡೆ ಮುಖ ಮಾಡಿ ಕೂತಿರ್ತಾರೆ. ಒಂಬತ್ತನೆಯವರು ಅಟ್ಟಿಸಿಕೊಂಡು ಬರ್ತಾರೆ. ಅಟ್ಟಿಸಿಕೊಂಡು ಬರೋರು ಹಿಂದಕ್ಕೆ ತಿರುಗೋ ಹಾಗಿಲ್ಲ, ಮಧ್ಯದ ಗೆರೆ ದಾಟೋ ಹಾಗಿಲ್ಲ. ಅದಕ್ಕೇ ಕೂತಿರೋರ ಬೆನ್ನು ತಟ್ಟಿ "ಖೋ" ಕೊಡೋದು. ಓಡೋರಿಗೆ ಆ ನಿರ್ಬಂಧ ಇಲ್ಲ, ಎತ್ತ ಬೇಕಾದ್ರೂ ಓಡಬಹುದು. ಆದ್ರೆ ಎದುರಿಗೆ ಇಡೀ ತಂಡ ಇರುತ್ತೆ, ಪ್ರತಿ "ಖೋ"ಗೂ ದಣಿಯದ ಹೊಸ ಕಾಲು ಎದ್ದು ಬರುತ್ತೆ.

ವಿಶ್ವಕಪ್‌ನಲ್ಲಿ ಆಡಿದ್ದು ಮ್ಯಾಟ್ ಮೇಲೆ, ಇನ್ನೂ ವೇಗದ ಮಾದರಿ. ಏಳು ನಿಮಿಷದ ಒಂದೊಂದು ಸರದಿ, ಒಟ್ಟು ನಾಲ್ಕು. ಓಡೋರು ಮೂರು ಮೂರು ಜನರ ಬ್ಯಾಚ್ ಆಗಿ ಬರ್ತಾರೆ. ಅಟ್ಟಿಸೋರು ಮುಟ್ಟಿದರೆ ಅವರಿಗೆ ಅಂಕ. ಓಡೋರಿಗೆ ಅಂಕ ಸಿಗಬೇಕಂದ್ರೆ ಒಂದೇ ದಾರಿ: ನಿಗದಿ ಮಾಡಿದ ಸಮಯ ಮೀರಿ ಔಟಾಗದೆ ಉಳಿಯಬೇಕು. ಅದಕ್ಕೆ "ಡ್ರೀಮ್ ರನ್" ಅಂತಾರೆ.

ಫೈನಲ್‌ನ ಕೊನೇ ಸರದಿಯಲ್ಲಿ ಚೈತ್ರಾ ಅವರ ಬ್ಯಾಚ್ 5 ನಿಮಿಷ 14 ಸೆಕೆಂಡ್ ಉಳಿಯಿತು. ಏಳು ನಿಮಿಷದಲ್ಲಿ ಐದೂಕಾಲು ನಿಮಿಷ ಅಂದ್ಕೊಳ್ಳಿ. ನೇಪಾಳ ತಿರುಗಿಬೀಳಬೇಕು ಅಂದ್ರೆ ಅವರಿಗೆ ಬೇಕಾಗಿದ್ದು ಸಮಯ. ಆ ಸಮಯವನ್ನೇ ಇವರು ತಿಂದುಬಿಟ್ಟರು.

ರಕ್ಷಣೆ ಆಡೋರ ಕಷ್ಟ ಇದೇ. ಅವರ ಕೆಲಸ ರೀಲ್ ಆಗಲ್ಲ. ಗೋಲ್ ಹೊಡೆದ್ರೆ ರೀಲ್, ಡೈವ್ ಹೊಡೆದು ಮುಟ್ಟಿದ್ರೆ ರೀಲ್. ಐದು ನಿಮಿಷ ಸಿಕ್ಕಿಬೀಳದೆ ಓಡಿದ್ದನ್ನ ಹದಿನೈದು ಸೆಕೆಂಡಲ್ಲಿ ಹೇಗೆ ತೋರಿಸ್ತೀರ? ಕಾಣದ ಕೆಲಸಕ್ಕೆ ಬೆಲೆ ಕಟ್ಟೋದು ನಮಗೆ ಯಾವತ್ತೂ ಬಂದಿಲ್ಲ. ಮನೆಯಲ್ಲಿ ಅಮ್ಮನ ಕೆಲಸದಿಂದಲೇ ಶುರು ಮಾಡಿ ಲೆಕ್ಕ ಹಾಕಿ.

3/9

ಈಗ ಸ್ವಲ್ಪ ದೂರ ಕರ್ಕೊಂಡು ಹೋಗ್ತೀನಿ. ಡೆನ್ಮಾರ್ಕ್‌ಗೆ.

ಯಾಕೆ ಅಂದ್ರೆ ನಮ್ಮ ಕ್ಲಾಸಿನ ಹುಡುಗರಿಗೆ ಯೂರೋಪಿನ ಡಿಫೆಂಡರ್‌ಗಳ ಜಾತಕ ಬಾಯಿಪಾಠ. ಯಾರು ಯಾವ ಕ್ಲಬ್, ಎಷ್ಟು ಕೋಟಿ, ಎಷ್ಟು ವರ್ಷದ ಒಪ್ಪಂದ, ಎಲ್ಲ. 2025ರ ಜನವರಿಯಲ್ಲಿ, ಖೋಖೋ ವಿಶ್ವಕಪ್ ನಡೀತಿದ್ದ ತಿಂಗಳಲ್ಲೇ, ಡೆನ್ಮಾರ್ಕ್‌ನ ಸೈಮನ್ ಕ್ಯಾರ್ ನಿವೃತ್ತಿ ಹೇಳಿದಾಗ ಸ್ಟೋರಿ ಮೇಲೆ ಸ್ಟೋರಿ ಹಾಕಿದ್ರು. ಹಾಕಲಿ, ತಪ್ಪಿಲ್ಲ. ದೊಡ್ಡ ಆಟಗಾರ. ದೇಶಕ್ಕೆ 132 ಪಂದ್ಯ. 2021ರ ಜೂನ್‌ನಲ್ಲಿ ಕೋಪನ್‌ಹೇಗನ್ ಮೈದಾನದಲ್ಲಿ ಕ್ರಿಶ್ಚಿಯನ್ ಎರಿಕ್ಸನ್ ಹೃದಯ ನಿಂತು ಕುಸಿದಾಗ ಓಡಿಹೋಗಿ ನೆರವಾಗಿ, ತಂಡದವರನ್ನ ಸುತ್ತ ಗೋಡೆ ಹಾಗೆ ನಿಲ್ಲಿಸಿದ ನಾಯಕ ಆತ.

ಆದ್ರೆ ಆತ ಬೆಳೆದ ದಾರಿ ನೋಡಿ. ಹುಟ್ಟಿದ್ದು 1989ರಲ್ಲಿ, ಹೋರ್ಸೆನ್ಸ್ ಅನ್ನೋ ಪಟ್ಟಣದಲ್ಲಿ. ಮೊದಲು ಆಡಿದ್ದು ಪಕ್ಕದ ಸಣ್ಣ ಊರಿನ ಕ್ಲಬ್‌ಗೆ. ಹದಿಹರೆಯದಲ್ಲಿ ಎಫ್‌ಸಿ ಮಿಟ್ಯುಲಾಂಡ್ ಅಕಾಡೆಮಿ. ಈ ಹುಡುಗ ಮುಂದೆ ಇಷ್ಟು ದೊಡ್ಡವನಾಗ್ತಾನೆ ಅಂತ ಅಲ್ಲಿನ ತರಬೇತುದಾರರೇ ಅಂದುಕೊಂಡಿರಲಿಲ್ಲವಂತೆ. ಆದ್ರೂ ಜಾಗ ಸಿಕ್ತು, ಊಟ ಸಿಕ್ತು, ಓದು ಸಿಕ್ತು. 2008ರಲ್ಲಿ ಇಟಲಿಯ ಪಲೆರ್ಮೊ, 2010ರಲ್ಲಿ ಜರ್ಮನಿಯ ವೋಲ್ಫ್ಸ್‌ಬರ್ಗ್, ಆಮೇಲೆ ರೋಮಾ, ಲೀಲ್, ಫೆನರ್ಬಾಚೆ, ಸೆವಿಯ್ಯಾ, ಅಟಲಾಂಟಾ, ಕೊನೆಗೆ ಮಿಲಾನ್. ಅಲ್ಲಿ 2022ರಲ್ಲಿ ಇಟಲಿ ಲೀಗ್ ಗೆದ್ದ ತಂಡದಲ್ಲಿದ್ದ.

ಗಮನಿಸಿ: ಆತ ಹಳ್ಳಿ ಕಡೆಯ ಮಾಮೂಲಿ ಹುಡುಗನೇ. ಮೆಟ್ಟಿಲು ಮಾತ್ರ ಮೊದಲೇ ಕಟ್ಟಿಟ್ಟಿದ್ದರು. ಒಂದು ಮೆಟ್ಟಿಲು ಹತ್ತಿದ ಮೇಲೆ ಇನ್ನೊಂದು ಎಲ್ಲಿದೆ ಅಂತ ಆತ ಹುಡುಕಬೇಕಾಗಿರಲಿಲ್ಲ.

ಡೆನ್ಮಾರ್ಕ್ ಎಷ್ಟು ದೊಡ್ಡದು ಗೊತ್ತಾ? ಜನಸಂಖ್ಯೆ ಸುಮಾರು 60 ಲಕ್ಷ. 2011ರ ಜನಗಣತಿಯಲ್ಲಿ ನಮ್ಮ ಮೈಸೂರು ಜಿಲ್ಲೆಯೊಂದರದ್ದೇ 30 ಲಕ್ಷ. ಅಂದ್ರೆ ಎರಡು ಮೈಸೂರು ಜಿಲ್ಲೆ ಸೇರಿದ್ರೆ ಒಂದು ಡೆನ್ಮಾರ್ಕ್.

4/9

"ಅವ್ರು ಶ್ರೀಮಂತರು ಕಣ್ರೀ, ನಮಗೂ ಅವ್ರಿಗೂ ಹೋಲಿಕೆನಾ?"

ಸರಿ. ದುಡ್ಡು ಪಕ್ಕಕ್ಕಿಡಿ. ಎರಡು ನಿಯಮ ಹೇಳ್ತೀನಿ, ನಿಯಮಕ್ಕೆ ಶ್ರೀಮಂತಿಕೆ ಬೇಕಿಲ್ಲ, ಕಾಗದ ಸಾಕು.

ಒಂದನೇದು. ಡೆನ್ಮಾರ್ಕ್‌ನಲ್ಲಿ 25 ವರ್ಷದೊಳಗಿನವರ ಕ್ಲಬ್ ಚಟುವಟಿಕೆಗೆ ಊರಿನ ಪುರಸಭೆ ನೆರವು ಕೊಡಬೇಕು ಅಂತ ಕಾನೂನೇ ಇದೆ. ಯಾವ ಹುಡುಗ ಮುಂದೆ ಕಪ್ ಗೆಲ್ತಾನೆ ಅಂತ ಕೇಳಿ ಕೊಡಲ್ಲ. ಎಲ್ಲರಿಗೂ ಕೊಡ್ತಾರೆ, ಮೊದಲೇ ಕೊಡ್ತಾರೆ.

ಎರಡನೇದು ಇಡೀ ಪ್ರಪಂಚದ ಫುಟ್‌ಬಾಲ್‌ಗೆ ಅನ್ವಯಿಸೋ ಫಿಫಾ ನಿಯಮ. ಒಪ್ಪಂದದಲ್ಲಿರೋ ಆಟಗಾರ ಒಂದು ದೇಶದ ಕ್ಲಬ್‌ನಿಂದ ಇನ್ನೊಂದು ದೇಶದ ಕ್ಲಬ್‌ಗೆ ಹೋದಾಗ ಕೈಬದಲಾಗೋ ಹಣದಲ್ಲಿ ಶೇ. 5ರವರೆಗೆ, ಆತನಿಗೆ 12ರಿಂದ 23ನೇ ವಯಸ್ಸಿನವರೆಗೆ ತರಬೇತಿ ಕೊಟ್ಟ ಕ್ಲಬ್‌ಗಳಿಗೆ ಹೋಗಬೇಕು. ಹಳ್ಳಿ ಕ್ಲಬ್ ಆದ್ರೂ ಸರಿ. ಒಂದು ಕೋಟಿ ಯೂರೋಗೆ ಆಟಗಾರ ಮಾರಾಟ ಆದ್ರೆ, ಚಡ್ಡಿ ಹಾಕ್ಕೊಂಡಿದ್ದಾಗಿನಿಂದ ಅವನಿಗೆ ಆಟ ಕಲಿಸಿದವರಿಗೆ ಐದು ಲಕ್ಷ ಯೂರೋ.

ಅದೂ ಐದು ಲಕ್ಷವೇ. ನಮ್ಮದೂ ಐದು ಲಕ್ಷವೇ. ವ್ಯತ್ಯಾಸ ಕರೆನ್ಸಿಯಲ್ಲಿ ಮಾತ್ರ ಇಲ್ಲ. ಅಲ್ಲಿ ಆ ಹಣ ಕಲಿಸಿದ ಮೈದಾನಕ್ಕೆ ಹಕ್ಕಾಗಿ ಹೋಗುತ್ತೆ. ಯಾರಿಗೂ ಕೈಮುಗಿಯೋ ಹಾಗಿಲ್ಲ, ಶಾಲು ಹೊದ್ದುಕೊಂಡು ಫೋಟೋಗೆ ನಿಲ್ಲೋ ಹಾಗಿಲ್ಲ. ಮುಂದಿನ ಹುಡುಗನ ಶೂಗೆ ಅದೇ ದುಡ್ಡು.

ಇಲ್ಲಿ? ನಮ್ಮ ಕಡೆ ಯಾವ ಹಳ್ಳಿ ಹುಡುಗಿ ವಿಶ್ವಕಪ್ ಗೆದ್ದು ತಂದ್ರೂ ಅವಳಿಗೆ "ಖೋ" ಅನ್ನೋದು ಕಲಿಸಿದ ಮೈದಾನಕ್ಕೆ ಎಷ್ಟು ರೂಪಾಯಿ ಹೋಗ್ಬೇಕು ಅಂತ ಯಾರೂ ಲೆಕ್ಕ ಹಾಕಲ್ಲ. ಬೀಜ ಬಿತ್ತಿದ ಹೊಲಕ್ಕೆ ಗೊಬ್ಬರ ಇಲ್ಲ, ಬೆಳೆ ಬಂದ ದಿನ ಮಾತ್ರ ಎಲ್ಲರೂ ರಾಶಿ ಪೂಜೆಗೆ ಹಾಜರ್.

5/9

ನಾನು ಬಿಕಾಂ. ಹಾಗಾಗಿ ಈ ಪೋಸ್ಟ್ ಪೂರ್ತಿ ಲೆಕ್ಕ. ಫೋಟೋದಲ್ಲಿರೋದು ನನ್ನ ರಫ್ ಬುಕ್.

5,00,000 ರೂಪಾಯಿ. ಒಬ್ಬ ಆಟಗಾರ್ತಿ ವಿಶ್ವಕಪ್ ತಂಡ ಸೇರೋ ಮಟ್ಟಕ್ಕೆ ಬರೋಕೆ ಹತ್ತು ವರ್ಷ ಬೇಕು ಅಂತ ಇಟ್ಕೊಳ್ಳಿ. ಭಾಗಿಸಿ.

ವರ್ಷಕ್ಕೆ 50,000.
ತಿಂಗಳಿಗೆ ಸುಮಾರು 4,167.
ದಿನಕ್ಕೆ 137 ರೂಪಾಯಿ.

2024-25ರಲ್ಲಿ ಕರ್ನಾಟಕದಲ್ಲಿ ನರೇಗಾ ಕೂಲಿ ದಿನಕ್ಕೆ 349 ರೂಪಾಯಿ ಇತ್ತು. ಅಂದ್ರೆ ವಿಶ್ವಕಪ್ ಫೈನಲ್‌ನ ಅತ್ಯುತ್ತಮ ಆಟಗಾರ್ತಿಯ ದಿನದ ದರ, ಕೆರೆ ಹೂಳೆತ್ತೋ ಕೂಲಿಯ ಅರ್ಧಕ್ಕಿಂತ ಕಡಿಮೆ. ಕೂಲಿ ಮಾಡೋರು ಕೀಳು ಅಂತ ಹೇಳ್ತಿಲ್ಲ. ನಮ್ಮ ಮನೆಗಳಲ್ಲೂ ಕೂಲಿಯಿಂದಲೇ ಫೀಸು ಕಟ್ಟಿರೋದು. ಕೂಲಿಗೆ ಒಂದು ದರ ಇದೆ, ಸರ್ಕಾರ ಪ್ರತಿ ವರ್ಷ ಮೊದಲೇ ಪ್ರಕಟಿಸುತ್ತೆ, ಕಡಿಮೆ ಕೊಟ್ರೆ ಕೇಳೋ ಹಕ್ಕಿದೆ. ಆಟಗಾರ್ತಿಗೆ ಅದೂ ಇಲ್ಲ ಅಂತ ಹೇಳ್ತಿದ್ದೀನಿ.

ಈಗ ಖರ್ಚಿನ ಕಡೆ ಬನ್ನಿ. ಶೂ, ಬಸ್ ಚಾರ್ಜು, ಮೊಣಕಾಲಿಗೆ ಕಟ್ಟೋ ಪಟ್ಟಿ, ಮೊಟ್ಟೆ, ಹಾಲು, ಗಾಯ ಆದ್ರೆ ಸ್ಕ್ಯಾನಿಂಗ್, ಟೂರ್ನಿಗೆ ಹೋದಾಗ ತಪ್ಪಿದ ಕ್ಲಾಸು. ಇದನ್ನ ಕಟ್ಟೋರು ಅಪ್ಪ ಅಮ್ಮ. ಕೆಲವು ಕಡೆ ಸಂಬಳದಿಂದಲೇ ಕೈಯಿಂದ ಹಾಕೋ ಪಿಟಿ ಮೇಷ್ಟ್ರು. ಗೆಲ್ಲೋವರೆಗೂ ನಷ್ಟ ಪೂರ್ತಿ ಮನೆಯವರದ್ದು. ಗೆದ್ದ ದಿನ ಹೆಸರು ಮಾತ್ರ ರಾಜ್ಯದ್ದು. ಪಾಲುದಾರಿಕೆ ಪತ್ರದಲ್ಲಿ ಇಂಥ ಷರತ್ತು ಬರೆದ್ರೆ ನಮ್ಮ ಲೆಕ್ಚರರ್ ಹಾಳೆ ಹರಿದು ಹಾಕ್ತಾರೆ.

ಇನ್ನೊಂದು ಮಾತು. ಗೆದ್ದ ಮೇಲೆ ಕೊಡೋ ಬಹುಮಾನದಲ್ಲಿ ಸೋತವರ ಲೆಕ್ಕ ಎಲ್ಲೂ ಇಲ್ಲ. ತಂಡದ ಆಯ್ಕೆಯಲ್ಲಿ ಕೊನೇ ಸುತ್ತಲ್ಲಿ ಬಿದ್ದುಹೋದ ಹುಡುಗಿ ಕೂಡ ಅಷ್ಟೇ ವರ್ಷ ಓಡಿರ್ತಾಳೆ. ಅವಳಿಗೆ ದಿನಕ್ಕೆ ಸೊನ್ನೆ. ಅವಳಂಥ ನೂರು ಜನ ಅಂಕಣದಲ್ಲಿ ಅಟ್ಟಾಡಿಸದಿದ್ರೆ ಗೆಲ್ಲೋ ಒಬ್ಬಳು ಎಲ್ಲಿಂದ ಬರ್ತಾಳೆ?

6/9

"ದೇಶಕ್ಕಾಗಿ ಆಡಬೇಕು, ದುಡ್ಡಿಗಲ್ಲ."

ಈ ಮಾತು ಹೇಳೋರಿಗೆ ಒಂದು ಪ್ರಶ್ನೆ. ಗಡೀಲಿರೋ ಸೈನಿಕರಿಗೆ ಸಂಬಳ ಕೊಡಲ್ವಾ? ತಗೊಂಡ್ರೆ ಅವರ ದೇಶಭಕ್ತಿ ಕಡಿಮೆ ಆಗುತ್ತಾ? 2024ರ ಜೂನ್‌ನಲ್ಲಿ ಟಿ20 ವಿಶ್ವಕಪ್ ಗೆದ್ದ ಕ್ರಿಕೆಟ್ ತಂಡಕ್ಕೆ ಬಿಸಿಸಿಐ 125 ಕೋಟಿ ಘೋಷಿಸಿದಾಗ ಯಾರಾದ್ರೂ "ದುಡ್ಡಿಗಾಗಿ ಆಡಿದ್ರಾ" ಅಂತ ಕೇಳಿದ್ರಾ? ಪಟಾಕಿ ಹೊಡೆದ್ವಿ. ಡಿಸೆಂಬರ್‌ನಲ್ಲಿ ಗುಕೇಶ್ ಚೆಸ್ ವಿಶ್ವ ಚಾಂಪಿಯನ್ ಆದಾಗ ತಮಿಳುನಾಡು ಸರ್ಕಾರ 5 ಕೋಟಿ ಕೊಟ್ಟಾಗ "ಭೇಷ್" ಅಂದ್ವಿ.

ತ್ಯಾಗದ ಪಾಠ ಯಾವಾಗಲೂ ಕೈಯಲ್ಲಿ ಇಲ್ಲದವರಿಗೇ ಯಾಕೆ? ಹಳ್ಳಿ ಹುಡುಗಿ, ಹಳ್ಳಿ ಆಟ, ಅದಕ್ಕೇ ತಾನೇ? ಅವರು ಕೈಮುಗಿದು ಚೆಕ್ ಇಸ್ಕೊಂಡು "ಧನ್ಯವಾದ ಸಾರ್" ಅಂತ ಹೇಳಿ ಹೋಗ್ಬೇಕು. ಪ್ರಶ್ನೆ ಕೇಳಿದ್ರೆ ಅಹಂಕಾರ.

ನನ್ನ ಜೊತೆ ಹೈಸ್ಕೂಲಲ್ಲಿ ಓದಿದ ಒಬ್ಬಳ ವಿಷಯ ಹೇಳ್ತೀನಿ. ಹೆಸರು ಬೇಡ, ಶಾಲೆ ಹೆಸರೂ ಬೇಡ. ಜಿಲ್ಲಾ ಮಟ್ಟದಲ್ಲಿ ಓಡಿದವಳು. ಕಂಬ ಹಿಡಿದು ತಿರುಗಿದ್ರೆ ಹುಡುಗರಿಗೂ ಸಿಗ್ತಿರಲಿಲ್ಲ. ಪಿಯುಸಿಯಲ್ಲಿ ಬಿಟ್ಟಳು. ಹಾಜರಾತಿ ಒಂದು ಕಾರಣ, ಸಂಜೆ ಪ್ರಾಕ್ಟೀಸ್ ಮುಗಿಸಿದ್ರೆ ಊರಿಗೆ ಬಸ್ ಇಲ್ಲ ಅನ್ನೋದು ಇನ್ನೊಂದು. ಅವಳ ಅಪ್ಪ ಕೆಟ್ಟವರಲ್ಲ. ಅವರು ಕೇಳಿದ್ದು ಒಂದೇ ಮಾತು: "ಇದನ್ನ ಆಡ್ಕೊಂಡು ಮುಂದೆ ಏನಾಗ್ತೀಯ?" ನಮ್ಮಲ್ಲಿ ಒಬ್ಬರಿಗೂ ಉತ್ತರ ಗೊತ್ತಿರಲಿಲ್ಲ, ಮೇಷ್ಟ್ರಿಗೂ. ಈಗ ನಂಜನಗೂಡಿನಲ್ಲಿ ಹೊಲಿಗೆ ಕೆಲಸಕ್ಕೆ ಹೋಗ್ತಾಳೆ.

ಚೈತ್ರಾ ಗೆದ್ದ ದಿನ ಆ ಅಪ್ಪನಿಗೆ ಉತ್ತರ ಸಿಗಬೇಕಿತ್ತು. "ನೋಡಿ, ಹೀಗೆ ಆಗ್ತಾಳೆ ನಿಮ್ಮ ಮಗಳು. ಇಷ್ಟು ಭದ್ರತೆ, ಇಂಥ ಕೆಲಸ." ಸರ್ಕಾರ ಕೊಟ್ಟ ಉತ್ತರ 5 ಲಕ್ಷ, ಒಂದೇ ಸಲ, ಮುಗೀತು. ಆ ಉತ್ತರ ನಮ್ಮ ಕಡೆ ಎಷ್ಟೋ ಮನೆಗಳಿಗೆ ಹೋಗುತ್ತೆ. ಚೈತ್ರಾ "ಬೇಡ" ಅಂದಿದ್ದು ಆ ಮನೆಗಳ ಪರವಾಗಿಯೂ ಅಂತ ನಾನು ತಿಳ್ಕೊಂಡಿದ್ದೀನಿ.

7/9

"ಖೋಖೋ ಯಾರ್ ನೋಡ್ತಾರೆ? ಮಾರ್ಕೆಟ್ ಇಲ್ಲ, ದುಡ್ಡಿಲ್ಲ. ಸಿಂಪಲ್."

ನಮ್ಮ ಬಿಕಾಂ ಗ್ರೂಪಲ್ಲೇ ಬಂದ ಮಾತು ಇದು. ಮೊದಲ ಸೆಮಿಸ್ಟರ್ ಎಕನಾಮಿಕ್ಸ್ ಓದಿ ಎಲ್ಲರೂ ಹೀಗೇ ಮಾತಾಡ್ತಾರೆ.

ಕಬಡ್ಡಿ ತಗೊಳ್ಳಿ. 2014ರಲ್ಲಿ ಪ್ರೊ ಕಬಡ್ಡಿ ಶುರುವಾದಾಗ ಮೊದಲ ಹರಾಜಿನಲ್ಲಿ ಅತಿ ಹೆಚ್ಚು ಬೆಲೆ ರಾಕೇಶ್ ಕುಮಾರ್ ಅವರಿಗೆ, 12.8 ಲಕ್ಷ. 2023ರ ಹರಾಜಿನಲ್ಲಿ ಪವನ್ ಸೆಹ್ರಾವತ್ ಅವರಿಗೆ 2.6 ಕೋಟಿ. ಒಂಬತ್ತು ವರ್ಷದಲ್ಲಿ ಇಪ್ಪತ್ತು ಪಟ್ಟು. ಆಟ ಬದಲಾಯ್ತಾ? ಅದೇ ಕಬಡ್ಡಿ, ಅದೇ ತೊಡೆ ತಟ್ಟೋದು. ಟೀವಿ ಬಂತು, ಮ್ಯಾಟ್ ಬಂತು, ಹಣ ಹಾಕೋರು ಬಂದ್ರು. ಮಾರ್ಕೆಟ್ ಅನ್ನೋದು ಮಳೆ ಅಲ್ಲ, ಆಕಾಶದಿಂದ ಬೀಳೋಕೆ. ಕಾಲುವೆ ಥರ ಅಗೀಬೇಕು.

ಆದ್ರೆ ಯಾರ ಹೊಲಕ್ಕೆ ಅಗೆದ್ರು ಅನ್ನೋದನ್ನೂ ನೋಡಿ. ಹೆಂಗಸರ ಕಬಡ್ಡಿಗೆ 2016ರಲ್ಲಿ ಮೂರು ತಂಡದ ಒಂದು ಚಿಕ್ಕ ಟೂರ್ನಿ ಮಾಡಿ ಕೈತೊಳ್ಕೊಂಡ್ರು. ಖೋಖೋಗೆ 2022ರಲ್ಲಿ ಅಲ್ಟಿಮೇಟ್ ಖೋಖೋ ಬಂತು. ಚೆನ್ನೈ, ಗುಜರಾತ್, ಮುಂಬೈ, ಒಡಿಶಾ, ರಾಜಸ್ಥಾನ, ತೆಲುಗು ಹೆಸರಿನ ಆರು ತಂಡ. ಕರ್ನಾಟಕದ ಹೆಸರಲ್ಲಿ ಒಂದೂ ಇಲ್ಲ. ಅದೂ ಗಂಡಸರ ಲೀಗ್.

ಅರ್ಥ ಆಯ್ತಲ್ವಾ? ಪ್ರಪಂಚ ಗೆದ್ದ ಆಟಗಾರ್ತಿಗೆ ಮರುದಿನ ಕೆಲಸಕ್ಕೆ ಹೋಗೋಕೆ ಒಂದು ಲೀಗ್ ಕೂಡ ಇಲ್ಲ. ಡೆನ್ಮಾರ್ಕ್‌ನ ಆ ಡಿಫೆಂಡರ್ ಒಂದು ಕ್ಲಬ್ ಬಿಟ್ರೆ ಇನ್ನೊಂದು ಕ್ಲಬ್ ಬಾಗಿಲು ತೆಗೀತಿತ್ತು. ಇಲ್ಲಿ ಬಾಗಿಲೇ ಇಲ್ಲ, ಗೋಡೆ ಇದೆ. ಬಾಗಿಲು ಮಾಡದೆ "ಒಳಗೆ ಯಾಕೆ ಬರಲಿಲ್ಲ" ಅಂತ ಕೇಳೋದು ಮಾರ್ಕೆಟ್ ವಾದ ಆಗಲ್ಲ.

ಲೀಗ್ ಇಲ್ಲದ ಕಡೆ ಉಳಿಯೋದು ಸರ್ಕಾರಿ ಕೆಲಸ ಒಂದೇ. ಅದಕ್ಕೇ ಅವರು ನೌಕರಿಯ ಮಾತು ಎತ್ತಿದ್ದು. ಅದು ದುರಾಸೆ ಆಗೋದಾದ್ರೆ, ಕೆಎಎಸ್ ಕೋಚಿಂಗ್‌ಗೆ ಮೈಸೂರಿಗೆ ಬಸ್ ಹತ್ತೋ ನಾವೆಲ್ಲ ದುರಾಸೆಯವರೇ.

8/9

ಫೋಟೋ: ತಿ.ನರಸೀಪುರದ ತ್ರಿವೇಣಿ ಸಂಗಮ. ನಂಜನಗೂಡು ದಾಟಿ ಬರೋ ಕಪಿಲೆ ಇಲ್ಲೇ ಕಾವೇರಿಗೆ ಸೇರೋದು. 2025ರ ಫೆಬ್ರವರಿ 10ರಿಂದ 12ರವರೆಗೆ ಇಲ್ಲಿ ಕುಂಭಮೇಳ ನಡೀತು.

ಮೇಳಕ್ಕೆ ಯಾರಾದ್ರೂ "ಮೊದಲು ಜನ ಬಂದು ಮುಳುಗಿ ಏಳಲಿ, ಆಮೇಲೆ ಮೆಟ್ಟಿಲು ಕಟ್ಟೋಣ" ಅಂತಾರಾ? ಇಲ್ಲ. ರಸ್ತೆ, ದೀಪ, ನೀರು, ಪೊಲೀಸ್, ಎಲ್ಲ ಮೊದಲೇ. ಸರ್ಕಾರಕ್ಕೆ ಮೊದಲೇ ತಯಾರಿ ಮಾಡೋದು ಬರಲ್ಲ ಅಂತ ಹೇಳೋ ಹಾಗಿಲ್ಲ. ಚೆನ್ನಾಗಿ ಬರುತ್ತೆ. ಬೇಕು ಅನ್ನಿಸಬೇಕು ಅಷ್ಟೇ.

ಇನ್ನು ರಾಜಕೀಯ. 2025ರಲ್ಲಿ ಮುಖ್ಯಮಂತ್ರಿಯಾಗಿದ್ದ ಸಿದ್ದರಾಮಯ್ಯನವರ ವರುಣಾ ಕ್ಷೇತ್ರದಲ್ಲಿ ನಂಜನಗೂಡು ಮತ್ತು ತಿ.ನರಸೀಪುರ, ಎರಡೂ ತಾಲೂಕಿನ ಹಳ್ಳಿಗಳಿವೆ. ಆಗ ಜಿಲ್ಲಾ ಉಸ್ತುವಾರಿ ಸಚಿವರಾಗಿದ್ದ ಎಚ್.ಸಿ. ಮಹದೇವಪ್ಪನವರು ತಿ.ನರಸೀಪುರದ ಶಾಸಕರೇ. ಅಂದ್ರೆ ಇಡೀ ರಾಜ್ಯದಲ್ಲಿ ಅಧಿಕಾರಕ್ಕೆ ಇಷ್ಟು ಹತ್ತಿರ ಇದ್ದ ತಾಲೂಕುಗಳು ಕಡಿಮೆ. ಇಲ್ಲಿನ ಹುಡುಗಿಗೇ ಹೀಗಾದ್ರೆ ಬೀದರ್‌ನ, ರಾಯಚೂರಿನ ಹುಡುಗಿ ಕಥೆ ಏನು? ಇದು ಒಂದು ಪಕ್ಷದ ವಿರುದ್ಧದ ಪೋಸ್ಟ್ ಅಲ್ಲ. ಕಾಮೆಂಟಲ್ಲಿ ಅವರ ಕಾಲ, ಇವರ ಕಾಲ ಅಂತ ಕಿತ್ತಾಡಬೇಡಿ. ಆಟಗಾರರಿಗೆ ನಿಯಮ ಇಲ್ಲದಿರೋದು ಎಲ್ಲರ ಕಾಲದಲ್ಲೂ ಎಲ್ಲರಿಗೂ ಅನುಕೂಲ. ನಿಯಮ ಇದ್ರೆ ಹಕ್ಕು, ಇಲ್ಲದಿದ್ರೆ ಕೃಪೆ. ಕೃಪೆಗೆ ಫೋಟೋ ಚೆನ್ನಾಗಿ ಬರುತ್ತೆ.

ನಂಜನಗೂಡು ದೊಡ್ಡ ಜಾತ್ರೆ ನೋಡಿದವರಿಗೆ ಗೊತ್ತು. ತೇರು ಹೊರಟ ಮೇಲೆ ಹಣ್ಣು ಜವನ ಎಸೆಯೋಕೆ ಸಾವಿರಾರು ಜನ. ನಿಂತ ಚಕ್ರಕ್ಕೆ ಸನ್ನೆಗೋಲು ಕೊಟ್ಟು ಅಲುಗಿಸೋರು ಬೆರಳೆಣಿಕೆ. ನಮ್ಮ ಕ್ರೀಡಾ ಇಲಾಖೆ ಯಾವ ಸಾಲಲ್ಲಿ ನಿಂತಿದೆ ಅಂತ ನೀವೇ ಹೇಳಿ.

ಹಾಗಾದ್ರೆ ಏನು ಬೇಕು? ಮಹಾರಾಷ್ಟ್ರದಷ್ಟೇ ಕೊಡಿ ಅಂತ ನಾನು ಹಠ ಹಿಡಿಯಲ್ಲ. ನಾಲ್ಕು ವಿಷಯ:

ಒಂದು, ವಿಶ್ವಮಟ್ಟದಲ್ಲಿ ಗೆದ್ದವರಿಗೆ ಯಾವ ಆಟಕ್ಕೆ ಎಷ್ಟು ಅಂತ ಮೊದಲೇ ಪ್ರಕಟಿಸಿದ ಪಟ್ಟಿ. ಗೆದ್ದ ಮೇಲೆ ಬಾಯಿಗೆ ಬಂದ ಮೊತ್ತ ಬೇಡ.

ಎರಡು, ನೌಕರಿ ಕೊಡೋದಾದ್ರೆ ಯಾವ ದರ್ಜೆ, ಎಷ್ಟು ತಿಂಗಳೊಳಗೆ ಅಂತ ಬರವಣಿಗೆಯಲ್ಲಿ.

ಮೂರು, ಪ್ರತಿ ಬಹುಮಾನದ ಜೊತೆ, ಆಟಗಾರರ ಪಾಲಿಗೆ ಕೈಹಾಕದೆ, ಅದರ ಶೇ. 5ರಷ್ಟು ಹೆಚ್ಚುವರಿ ಹಣ ಅವರಿಗೆ ಕಲಿಸಿದ ಶಾಲೆ ಅಥವಾ ಕ್ಲಬ್‌ನ ಮೈದಾನಕ್ಕೆ.

ನಾಲ್ಕು, ಹೈಸ್ಕೂಲಿಗೊಬ್ಬ ಪಿಟಿ ಮೇಷ್ಟ್ರು, ಸಂಜೆ ಪ್ರಾಕ್ಟೀಸ್ ಮುಗಿಯೋ ಹೊತ್ತಿಗೆ ಒಂದು ಬಸ್ಸು.

ನಾಲ್ಕನೇದು ಎಲ್ಲಕ್ಕಿಂತ ಅಗ್ಗ. ನನ್ನ ಗೆಳತಿಗೆ ಬೇಕಾಗಿದ್ದೂ ಅದೇ.

9/9

ಕೊನೇ ಪೋಸ್ಟ್. ಲೈಕ್ ಬೇಡ, ಹತ್ತು ರೂಪಾಯಿ ಬೇಕು.

ಮಾಹಿತಿ ಹಕ್ಕು ಅರ್ಜಿಗೆ ಶುಲ್ಕ 10 ರೂಪಾಯಿ. ಬಿಪಿಎಲ್ ಕಾರ್ಡಿದ್ರೆ ಅದೂ ಇಲ್ಲ. 30 ದಿನದಲ್ಲಿ ಉತ್ತರ ಕೊಡಬೇಕು. ಕರ್ನಾಟಕದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದೊಳಗೆ. ಅಷ್ಟು ಬರೆಯೋಕೆ ಆಗಲ್ವಾ ನಮಗೆ? ದಿನಾ ಇಲ್ಲಿ ಅದಕ್ಕಿಂತ ಜಾಸ್ತಿ ಟೈಪ್ ಮಾಡ್ತೀವಿ.

ವಿಳಾಸ: ಸಾರ್ವಜನಿಕ ಮಾಹಿತಿ ಅಧಿಕಾರಿ, ಯುವ ಸಬಲೀಕರಣ ಮತ್ತು ಕ್ರೀಡಾ ಇಲಾಖೆ. ಕೆಳಗಿನದನ್ನ ಕಾಪಿ ಮಾಡ್ಕೊಳ್ಳಿ:

"ಅಂತರರಾಷ್ಟ್ರೀಯ ಮಟ್ಟದಲ್ಲಿ ಪದಕ ಅಥವಾ ಕಪ್ ಗೆದ್ದ ರಾಜ್ಯದ ಆಟಗಾರರಿಗೆ ನಗದು ಬಹುಮಾನ ನಿಗದಿಪಡಿಸುವ ಆದೇಶದ ಪ್ರತಿ ಕೊಡಿ. ಆ ಆದೇಶದಲ್ಲಿ ಖೋಖೋ ಆಟ ಸೇರಿದೆಯೇ ತಿಳಿಸಿ. 2025ರ ಖೋಖೋ ವಿಶ್ವಕಪ್ ವಿಜೇತರಿಗೆ ತಲಾ 5 ಲಕ್ಷ ರೂಪಾಯಿ ಎಂದು ತೀರ್ಮಾನಿಸಿದ ಕಡತದ ಟಿಪ್ಪಣಿ ಹಾಳೆಗಳ ಪ್ರತಿ ಕೊಡಿ."

ಇಷ್ಟೇ. ಬೈಗುಳ ಇಲ್ಲ, ಘೋಷಣೆ ಇಲ್ಲ. ನಿಯಮ ಇದ್ರೆ ಕಾಗದ ಬರುತ್ತೆ, ನಾನೇ ಇಲ್ಲಿ ಪೂರ್ತಿ ಹಾಕ್ತೀನಿ. ಇಲ್ಲದಿದ್ರೆ "ಲಭ್ಯವಿಲ್ಲ" ಅಂತ ಬರೆದು ಸೀಲು ಹಾಕಿ ಕೊಡ್ಬೇಕು. ಆ ಸೀಲು ಕೂಡ ಒಂದು ಉತ್ತರವೇ. ನನ್ನ ಅರ್ಜಿ ಸೋಮವಾರ ಪೋಸ್ಟ್ ಆಗುತ್ತೆ. ನಂಜನಗೂಡು ಕಡೆಯವರು ಯಾರಾದ್ರೂ ಜೊತೆಗೆ ಬರೋದಾದ್ರೆ ಮೆಸೇಜ್ ಮಾಡಿ, ಫಾರಂ ನಾನು ತರ್ತೀನಿ.

ಎರಡನೇ ಕೆಲಸ ಇನ್ನೂ ಸುಲಭ. ನಿಮ್ಮ ಊರಿನ ಹೈಸ್ಕೂಲ್ ಮುಂದೆ ಹೋಗಿ. ಪಿಟಿ ಮೇಷ್ಟ್ರು ಇದ್ದಾರಾ, ಖೋಖೋ ಅಂಕಣಕ್ಕೆ ಎರಡು ಕಂಬ ಇದೆಯಾ ನೋಡಿ. ಕಾಮೆಂಟಲ್ಲಿ ಊರಿನ ಹೆಸರು, "ಇದೆ" ಅಥವಾ "ಇಲ್ಲ", ಎರಡೇ ಪದ ಬರೀರಿ. ಮಕ್ಕಳ ಫೋಟೋ ತೆಗೀಬೇಡಿ, ಕಂಬದ್ದು ಸಾಕು. ಎರಡೂ ತಾಲೂಕಿನ ಪಟ್ಟಿ ಆದ ಮೇಲೆ ಇಬ್ಬರೂ ಶಾಸಕರ ಕಚೇರಿಗೆ ಕೊಟ್ಟು ಸ್ವೀಕೃತಿ ತಗೊಂಡು ಬರೋಣ.

"ಅಹಂಕಾರ" ಅಂತ ಬರೆದವರಿಗೂ ಒಂದು ವಿನಂತಿ. ನೀವೂ ನಿಮ್ಮೂರಿನ ಶಾಲೆ ಹೆಸರು ಹಾಕಿ. ನಿಮ್ಮ ಮನೆ ಹುಡುಗಿಯೂ ಅಲ್ಲೇ ಓಡ್ತಿರ್ತಾಳೆ.

#ಕುರುಬೂರು #ಚೈತ್ರಾ #ಖೋಖೋವಿಶ್ವಕಪ್ #ತಿನರಸೀಪುರ #ನಂಜನಗೂಡು #ಕೃಪೆಬೇಡನಿಯಮಬೇಕು